ದತ್ತಣ್ಣ ಮತ್ತು ದುರ್ಗದ ನಟರು

ಎಚ್.ಜಿ. ದತ್ತಾತ್ರೇಯ ಕನ್ನಡ ರಂಗಭೂಮಿ, ಸಿನಿಮಾ ಮತ್ತು ಕಿರುತೆರೆಯ ಹಿರಿಯ ನಟ. ಹುಟ್ಟಿದ್ದು 1942ರ ಏಪ್ರಿಲ್ 20ರಂದು, ಚಿತ್ರದುರ್ಗದಲ್ಲಿ. ಪೂರ್ಣ ಹೆಸರು ಹರಿಹರ ಗುಂಡೂರಾವ್ ದತ್ತಾತ್ರೇಯ. ಜನರ ಬಾಯಲ್ಲಿ ದತ್ತಣ್ಣ. ಅವರ ಅಣ್ಣ ಎಚ್.ಜಿ. ಸೋಮಶೇಖರ ರಾವ್ ಕೂಡ ನಟರಾಗಿದ್ದರು. 2020ರ ನವೆಂಬರ್ 3ರಂದು 86ನೆಯ ವಯಸ್ಸಿನಲ್ಲಿ ತೀರಿಕೊಂಡರು. ಅಣ್ಣ ಕೆನರಾ ಬ್ಯಾಂಕಿನಲ್ಲಿದ್ದವರು, ತಮ್ಮ ವಾಯುಪಡೆಯಲ್ಲಿ ವಿಂಗ್ ಕಮಾಂಡರ್ ಹುದ್ದೆಯವರೆಗೆ ಏರಿದವರು. ಹೊಟ್ಟೆಪಾಡಿಗೆ ಒಂದು ಕೆಲಸ, ಬಣ್ಣಕ್ಕೆ ಉಳಿದ ಹೊತ್ತು ಎಂಬ ಏರ್ಪಾಡಿನಲ್ಲಿ ಇಬ್ಬರೂ ದೊಡ್ಡ ನಟರಾದರು. ಚಿತ್ರದುರ್ಗ ಜಿಲ್ಲೆಯ ಅಭಿನಯದ ಚರಿತ್ರೆಯನ್ನು ಬರೆಯಹೊರಟವರು ಈ ಏರ್ಪಾಡನ್ನು ಮೊದಲು ಗಮನಿಸಬೇಕು. ನಟನಿಗೆ ಅನ್ನ ಹಾಕುವವರು ಯಾರು ಎಂಬ ಪ್ರಶ್ನೆಗೆ ಇಲ್ಲಿನ ಹಳ್ಳಿ, ಪೇಟೆ ಮತ್ತು ಮಠಗಳು ಬೇರೆಬೇರೆ ಉತ್ತರ ಕೊಟ್ಟಿವೆ.

ಇಂದಿನ ಜಿಲ್ಲೆಯಲ್ಲಿ ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ, ಚಳ್ಳಕೆರೆ, ಮೊಳಕಾಲ್ಮೂರು ತಾಲ್ಲೂಕುಗಳಿವೆ. 1997ರ ಆಗಸ್ಟ್ 15ರಂದು ದಾವಣಗೆರೆ ಪ್ರತ್ಯೇಕ ಜಿಲ್ಲೆಯಾಗುವವರೆಗೆ ದಾವಣಗೆರೆ, ಹರಿಹರ, ಜಗಳೂರುಗಳೂ ದುರ್ಗದ ಆಡಳಿತಕ್ಕೆ ಸೇರಿದ್ದವು. ಹಳೆಯ ಸುದ್ದಿಗಳನ್ನು ಓದುವಾಗ ಇದನ್ನು ನೆನಪಿಡುವುದು ಒಳ್ಳೆಯದು.

ಬಯಲಾಟದಿಂದ ಕುರುಕ್ಷೇತ್ರಕ್ಕೆ

ಈ ಭಾಗ ಮೂಡಲಪಾಯ ಬಯಲಾಟದ ಸೀಮೆ. ಸುಗ್ಗಿ ಮುಗಿದು ಕಣ ಖಾಲಿಯಾದ ಮೇಲೆ ಹಳ್ಳಿಯಲ್ಲಿ ತಾಲೀಮು ಶುರುವಾಗುತ್ತಿತ್ತು. ಭಾಗವತ ಪ್ರಸಂಗದ ಹಾಡು, ಮಾತು, ಹೆಜ್ಜೆಗಳನ್ನು ತಿಂಗಳುಗಟ್ಟಲೆ ಹೇಳಿಕೊಡುತ್ತಿದ್ದ. ಮದ್ದಳೆ, ತಾಳ, ಮುಖವೀಣೆಗಳ ಹಿಮ್ಮೇಳ. ಊರ ಮುಂದೆ ಕಟ್ಟಿದ ಅಟ್ಟ. ಕಿರೀಟ, ಭುಜಕೀರ್ತಿ ತೊಟ್ಟ ರೈತರು. ಹೆಣ್ಣಿನ ಪಾತ್ರವೂ ಗಂಡಸಿನದೇ. ಕರಿಭಂಟನ ಕಾಳಗದಂಥ ಪ್ರಸಂಗ ರಾತ್ರಿ ಶುರುವಾದರೆ ಬೆಳಕು ಹರಿಯುವ ತನಕ ನಡೆಯಬೇಕು. ಈ ನಟನಿಗೆ ಸಂಬಳ ಎಂಬುದೇ ಇರಲಿಲ್ಲ. ಅವನ ಹೊಲ ಅವನನ್ನು ಸಾಕುತ್ತಿತ್ತು, ಬೇಸಿಗೆ ಅವನಿಗೆ ಬಿಡುವು ಕೊಡುತ್ತಿತ್ತು. ಮಳೆ ಕಮ್ಮಿಯಾದ ಈ ಸೀಮೆಯಲ್ಲಿ ಬಿಡುವು ಕೆಲವು ವರ್ಷ ಬೇಕಾದದ್ದಕ್ಕಿಂತ ಹೆಚ್ಚೇ ಇರುತ್ತಿತ್ತು.

ಆಮೇಲೆ ಹಾರ್ಮೋನಿಯಂ ಬಂತು. ವೃತ್ತಿ ಕಂಪನಿಗಳ ಹಾಡು, ಸೀನರಿ, ಗದೆ, ಗತ್ತು ಎಲ್ಲವೂ ಹಳ್ಳಿಗೆ ಇಳಿದವು. ಹಾರ್ಮೋನಿಯಂ ಮೇಷ್ಟ್ರು ಬಂದು ಕೂತು ‘ಕುರುಕ್ಷೇತ್ರ’ವನ್ನು ಕಲಿಸುತ್ತಾರೆ. ಇಲ್ಲಿ ಲೆಕ್ಕ ಬಯಲಾಟಕ್ಕಿಂತ ವಿಚಿತ್ರ: ನಟನಿಗೆ ದುಡ್ಡು ಕೊಡುವುದಿಲ್ಲ, ನಟನೇ ದುಡ್ಡು ಕಟ್ಟುತ್ತಾನೆ. ದುರ್ಯೋಧನನಿಗೆ ಇಷ್ಟು, ಕೃಷ್ಣನಿಗೆ ಇಷ್ಟು, ದೂತನಿಗೆ ಇಷ್ಟು ಎಂದು ಪಾತ್ರಕ್ಕೊಂದು ದರ ನಿಗದಿಯಾಗುತ್ತದೆ. ಆ ಹಣದಲ್ಲಿ ಮೇಷ್ಟ್ರ ಸಂಭಾವನೆ, ಸೀನರಿ ಬಾಡಿಗೆ, ಹೊರಗಿನಿಂದ ಕರೆಸಿದ ಕಲಾವಿದೆಯರ ಖರ್ಚು ಎಲ್ಲವೂ ತೀರಬೇಕು. ಹಿರಿಯೂರಿನ ತೇರುಮಲ್ಲೇಶ್ವರನ ತೇರಿರಲಿ, ಹೊಳಲ್ಕೆರೆ ಕಡೆಯ ಊರಹಬ್ಬವಿರಲಿ, ಜಾತ್ರೆ ಎಂದ ಮೇಲೆ ನಾಟಕ ಇರಲೇಬೇಕು ಎಂಬ ಹಟದಿಂದಲೇ ಈ ಪದ್ಧತಿ ಉಳಿದುಕೊಂಡಿದೆ. ನಗರದ ವಿಮರ್ಶಕರು ಇದನ್ನು ರಂಗಭೂಮಿಯ ಲೆಕ್ಕಕ್ಕೆ ಸೇರಿಸುವುದು ಕಮ್ಮಿ. ಒಂದು ರಾತ್ರಿಯ ಭೀಮನಾಗಲು ಅಡಿಕೆಯ ಅಥವಾ ಈರುಳ್ಳಿಯ ದುಡ್ಡು ಸುರಿಯುವವನ ನಾಟಕದ ಹುಚ್ಚು ಯಾವ ಹವ್ಯಾಸಿ ತಂಡದವರ ಹುಚ್ಚಿಗೂ ಕಮ್ಮಿಯಲ್ಲ.

ಮೂರನೆಯ ಧಾರೆ ಮಠದ್ದು. ಚಿತ್ರದುರ್ಗ ತಾಲ್ಲೂಕಿನ ಸಿರಿಗೆರೆಯ ತರಳಬಾಳು ಬೃಹನ್ಮಠದ ಶಿವಕುಮಾರ ಶಿವಾಚಾರ್ಯ ಸ್ವಾಮಿಗಳು (1914-1992) ನಾಟಕವನ್ನು ಸಮಾಜ ತಿದ್ದುವ ಸಾಧನವೆಂದು ನಂಬಿದವರು. ತಾವೇ ‘ಮರಣವೇ ಮಹಾನವಮಿ’, ‘ಶರಣಸತಿ ಲಿಂಗಪತಿ’, ‘ವಿಶ್ವಬಂಧು ಮರುಳಸಿದ್ಧ’ ನಾಟಕಗಳನ್ನು ಬರೆದು, ಮಠದಲ್ಲೇ ತಂಡ ಕಟ್ಟಿ ಆಡಿಸಿದರು. ಪೀಠದ ಮೇಲೆ ಕೂತವರು ಬಣ್ಣದ ಪೆಟ್ಟಿಗೆ ಮುಟ್ಟುವುದು ಅಂದಿನ ದಿನಕ್ಕೆ ಸಣ್ಣ ಮಾತಲ್ಲ. ಈ ಧಾರೆ ಮುಂದೆ ಸಾಣೇಹಳ್ಳಿಯಲ್ಲಿ ಹೇಗೆ ಹರಿಯಿತು ಎಂಬುದನ್ನು ಕೊನೆಯಲ್ಲಿ ನೋಡಬಹುದು.

ಅಣ್ಣ ತಮ್ಮಂದಿರು

ಸೋಮಶೇಖರ ರಾವ್ ಮತ್ತು ದತ್ತಾತ್ರೇಯ ಈ ಮೂರರಲ್ಲಿ ಯಾವುದರಿಂದಲೂ ನೇರವಾಗಿ ಬಂದವರಲ್ಲ. ಅವರದು ನಾಲ್ಕನೆಯ ದಾರಿ, ಓದಿದವರ ಹವ್ಯಾಸಿ ರಂಗಭೂಮಿ. ಸ್ವಾತಂತ್ರ್ಯಾನಂತರದ ದಶಕಗಳಲ್ಲಿ ದುರ್ಗದಂಥ ಪಟ್ಟಣದ ಬುದ್ಧಿವಂತ ಹುಡುಗ ಚೆನ್ನಾಗಿ ಓದಿ ಬೆಂಗಳೂರಿನ ರೈಲೋ ಬಸ್ಸೋ ಹತ್ತುತ್ತಿದ್ದ. ಅಲ್ಲಿ ಅವನಿಗೆ ಎಚ್‌ಎಎಲ್, ಎಚ್‌ಎಂಟಿ, ಐಟಿಐ, ಬಿಇಎಲ್, ಬ್ಯಾಂಕು, ಎಜಿ ಆಫೀಸು ಇಂಥ ಯಾವುದಾದರೊಂದು ಕಡೆ ಕೆಲಸ ಸಿಗುತ್ತಿತ್ತು. ಸಂಜೆ ಐದರ ಮೇಲೆ ರವೀಂದ್ರ ಕಲಾಕ್ಷೇತ್ರದ ಸುತ್ತ ತಾಲೀಮು. ನಟರಂಗ, ಬೆನಕ, ಸಮುದಾಯ, ಸ್ಪಂದನದಂಥ ತಂಡಗಳು 1970ರ ದಶಕದಲ್ಲಿ ಕನ್ನಡ ರಂಗಭೂಮಿಯ ಮುಖ ಬದಲಿಸಿದವು ಎಂದು ಬರೆಯುವವರು, ಆ ತಂಡಗಳಿಗೆ ಪರೋಕ್ಷವಾಗಿ ಸಂಬಳ ಕೊಟ್ಟವರು ಸಾರ್ವಜನಿಕ ಉದ್ದಿಮೆಗಳು ಮತ್ತು ಬ್ಯಾಂಕುಗಳು ಎಂಬುದನ್ನೂ ಬರೆಯಬೇಕಾಗುತ್ತದೆ.

ಸೋಮಶೇಖರ ರಾವ್ ಈ ಮಾದರಿಯ ಅಚ್ಚುಕಟ್ಟಾದ ಉದಾಹರಣೆ. ಕೆನರಾ ಬ್ಯಾಂಕಿನ ಕೆಲಸದ ಜೊತೆಗೇ ನಾಟಕ ಮಾಡಿದರು. ಟಿ.ಎಸ್. ರಂಗಾ ನಿರ್ದೇಶಿಸಿದ ‘ಸಾವಿತ್ರಿ’ ಅವರನ್ನು ಸಿನಿಮಾಕ್ಕೆ ತಂದಿತು. ರವೀ ಎಂದೇ ಹೆಸರಾದ ಕೆ.ಎಸ್.ಎಲ್. ಸ್ವಾಮಿಯವರ ‘ಮಿಥಿಲೆಯ ಸೀತೆಯರು’ ಚಿತ್ರದಲ್ಲಿ ಅವರ ಅಭಿನಯ ಮನ್ನಣೆ ಪಡೆಯಿತು. ಬಿಳಿಗೂದಲು, ತಗ್ಗಿದ ದನಿ, ಅವಸರವಿಲ್ಲದ ಮಾತು; ಮನೆಯ ಹಿರಿಯ, ನಿವೃತ್ತ ಮೇಷ್ಟ್ರು, ಸಂಕಟವನ್ನು ನುಂಗಿಕೊಂಡ ತಂದೆ ಇಂಥ ಪಾತ್ರಗಳಿಗೆ ಹೇಳಿ ಮಾಡಿಸಿದ ಆಳು. ಅವರನ್ನು ನೋಡುತ್ತಿದ್ದವರಿಗೆ ನಟ ಕಾಣಿಸುತ್ತಿರಲಿಲ್ಲ, ಪರಿಚಯದ ಯಾರೋ ಒಬ್ಬರು ಕಾಣಿಸುತ್ತಿದ್ದರು.

ತಮ್ಮನ ದಾರಿ ಇನ್ನೂ ಸುತ್ತಿನದು. ದತ್ತಾತ್ರೇಯ ಬೆಂಗಳೂರಿನಲ್ಲಿ ಎಂಜಿನಿಯರಿಂಗ್ ಓದಿ ಭಾರತೀಯ ವಾಯುಪಡೆ ಸೇರಿದರು. ಎರಡು ದಶಕ ಮೀರಿದ ಸೇವೆಯ ನಂತರ ವಿಂಗ್ ಕಮಾಂಡರ್ ಆಗಿ ಹೊರಬಂದು ಹಿಂದೂಸ್ತಾನ್ ಏರೋನಾಟಿಕ್ಸ್‌ನಲ್ಲಿ ಅಧಿಕಾರಿಯಾದರು. ವಾಯುಪಡೆಯ ವರ್ಗಾವಣೆಗಳ ನಡುವೆ ನಾಟಕದ ಗೀಳು ಉಳಿಸಿಕೊಳ್ಳುವುದು ಬ್ಯಾಂಕಿನವರಿಗಿಂತ ಕಷ್ಟ. ಸಿನಿಮಾಕ್ಕೆ ಬರುವ ಹೊತ್ತಿಗೆ ಅವರಿಗೆ ನಲವತ್ತೈದು ದಾಟಿತ್ತು. ಟಿ.ಎಸ್. ನಾಗಾಭರಣ ನಿರ್ದೇಶನದ ‘ಆಸ್ಫೋಟ’ (1988) ಅವರ ಮೊದಲ ಮುಖ್ಯ ಚಿತ್ರ; ಅದರ ಪಾತ್ರಕ್ಕೆ ಪೋಷಕ ನಟನೆಯ ರಾಜ್ಯ ಪ್ರಶಸ್ತಿಯೂ ಬಂತು. ಅದೇ ನಾಗಾಭರಣರ ‘ಚಿನ್ನಾರಿ ಮುತ್ತ’ (1993) ಅವರನ್ನು ಮನೆಮನೆಯ ಮಕ್ಕಳಿಗೂ ಪರಿಚಯಿಸಿತು.

ಅವರ ಅಭಿನಯದ ಮುಖ್ಯ ಘಟ್ಟ ಶುರುವಾಗುವುದು ಅರವತ್ತರ ಅಂಚಿನಲ್ಲಿ, ಕಿರುತೆರೆಯಿಂದ ಬಂದ ಒಬ್ಬ ನಿರ್ದೇಶಕರಿಂದ. ಟಿ.ಎನ್. ಸೀತಾರಾಂ ಮತ್ತು ನಾಗೇಂದ್ರ ಶಾ ಜೊತೆ ಸೇರಿ ದೂರದರ್ಶನಕ್ಕೆ ‘ಮಾಯಾಮೃಗ’ ಧಾರಾವಾಹಿ ನಿರ್ದೇಶಿಸಿದ್ದ ಪಿ. ಶೇಷಾದ್ರಿ, 2000ದಲ್ಲಿ ತಮ್ಮ ಮೊದಲ ಚಿತ್ರ ‘ಮುನ್ನುಡಿ’ ಮಾಡಿದರು. ಬೊಳುವಾರು ಮಹಮದ್ ಕುಂಞಿಯವರ ಕತೆ. ಕರಾವಳಿಯ ಮುಸ್ಲಿಂ ಹುಡುಗಿಯರನ್ನು ಕೆಲವು ತಿಂಗಳ ಮಟ್ಟಿಗೆ ಮದುವೆಯಾಗಿ ಕಡಲು ದಾಟಿಬಿಡುವ ಅರಬ್ ವ್ಯಾಪಾರಿಗಳ ವಿಷಯ. ತಾರಾ ರುಕಿಯಾ ಆದರು, ದತ್ತಣ್ಣ ಹಸನಬ್ಬ ಆದರು. ಇತರ ಸಾಮಾಜಿಕ ಸಮಸ್ಯೆಗಳ ಕುರಿತ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರ ಪ್ರಶಸ್ತಿ ಅದಕ್ಕೆ ಬಂತು. ಮುಂದಿನ ವರ್ಷಗಳಲ್ಲಿ ಶೇಷಾದ್ರಿ ಚಿತ್ರವೆಂದರೆ ದತ್ತಣ್ಣ ಇರುತ್ತಾರೆ ಎಂಬಷ್ಟು ಒಡನಾಟ ಬೆಳೆಯಿತು.

ಆ ಒಡನಾಟದ ಅತ್ಯುತ್ತಮ ಫಲ ‘ಬೆಟ್ಟದ ಜೀವ’ (2010) ಎಂಬುದು ಈ ಲೇಖಕನ ಅಭಿಪ್ರಾಯ. ಶಿವರಾಮ ಕಾರಂತರ ಕಾದಂಬರಿಯಲ್ಲಿ ದಾರಿ ತಪ್ಪಿ ಕಾಡಿಗೆ ಬಂದ ಶಿವರಾಮಯ್ಯನಿಗೆ ಆಶ್ರಯ ಕೊಡುವವರು ಗೋಪಾಲಯ್ಯ ಮತ್ತು ಶಂಕರಿ. ಕಾಡು ಕಡಿದು ತೋಟ ಮಾಡಿದ ಗಟ್ಟಿ ಮುದುಕ, ಮನೆ ಬಿಟ್ಟುಹೋದ ಮಗನ ಬಗ್ಗೆ ಮಾತು ಬಂದಾಗ ಮಾತ್ರ ಸಣ್ಣಗಾಗುತ್ತಾನೆ. ಗೋಪಾಲಯ್ಯನ ಪಾತ್ರಕ್ಕೆ ಅಬ್ಬರದ ಒಂದು ದೃಶ್ಯವೂ ಇಲ್ಲ. ದತ್ತಣ್ಣ ಅದನ್ನು ನಡಿಗೆಯಿಂದ, ಊಟಕ್ಕೆ ಬಲವಂತ ಮಾಡುವ ರೀತಿಯಿಂದ, ಪ್ರಶ್ನೆ ಕೇಳಿದ ಮೇಲೆ ಉತ್ತರಕ್ಕೆ ಮುಂಚೆ ತೆಗೆದುಕೊಳ್ಳುವ ಒಂದು ಗಳಿಗೆಯಿಂದ ಕಟ್ಟಿದರು. ಚಿತ್ರಕ್ಕೆ ಪರಿಸರ ಸಂರಕ್ಷಣೆಯ ಕುರಿತ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರ ಪ್ರಶಸ್ತಿ ದೊರೆಯಿತು. ‘ಭಾರತ್ ಸ್ಟೋರ್ಸ್’ (2012) ಇನ್ನೊಂದು ಬಗೆಯದು. ಮಾಲ್‌ಗಳ ಮುಂದೆ ಸೋಲುವ ಹಳೆಯ ದಿನಸಿ ಅಂಗಡಿಯ ಶೆಟ್ಟರ ಕತೆ. ಅದು ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರ ಪ್ರಶಸ್ತಿ ಪಡೆಯಿತು. ಇವೆರಡಕ್ಕೂ ಮುಂಚೆ ಯು.ಆರ್. ಅನಂತಮೂರ್ತಿಯವರ ಕತೆ ಆಧರಿಸಿ ಬಿ.ಎಸ್. ಲಿಂಗದೇವರು ಮಾಡಿದ ‘ಮೌನಿ’ಯಲ್ಲಿ ಅನಂತನಾಗ್ ಎದುರು ನಿಂತರು. ಇಬ್ಬರು ಪಳಗಿದವರು ಒಬ್ಬರ ಮೇಲೊಬ್ಬರು ದನಿಯೇರಿಸದೆ ಹಗೆ ಸಾಧಿಸುವುದನ್ನು ನೋಡಬೇಕಾದರೆ ಆ ಚಿತ್ರ ನೋಡಬೇಕು.

ಒಂದು ಸೋಜಿಗವನ್ನು ಇಲ್ಲೇ ಹೇಳಬಹುದು. ಬಂಡೆ, ಬಿಸಿಲು, ಕುರುಚಲು ಗಿಡದ ಊರಿನಿಂದ ಬಂದ ಈ ನಟ ಹೆಸರಾದದ್ದು ಕಡಲತಡಿಯ ಹಸನಬ್ಬನಾಗಿ, ಮಳೆಕಾಡಿನ ಗೋಪಾಲಯ್ಯನಾಗಿ. ದುರ್ಗದ ಆಡುಮಾತು ಅವರ ದೊಡ್ಡ ಪಾತ್ರಗಳಲ್ಲಿ ಹೆಚ್ಚು ಕೇಳಿಸಲೇ ಇಲ್ಲ.

ಕಲಾತ್ಮಕ ಚಿತ್ರಗಳ ಗಂಭೀರ ಮುದುಕ ಎಂಬ ಹಣೆಪಟ್ಟಿಯನ್ನು ವಿಜಯಪ್ರಸಾದ್ ನಿರ್ದೇಶನದ ‘ನೀರ್ ದೋಸೆ’ (2016) ಕಿತ್ತುಹಾಕಿತು. ಜಗ್ಗೇಶ್, ಹರಿಪ್ರಿಯಾ, ಸುಮನ್ ರಂಗನಾಥ್ ಜೊತೆಗಿನ ಆ ಚಿತ್ರದಲ್ಲಿ ತುಂಟ ಮಾತುಗಳನ್ನು ಅವರು ಆಡಿದ ನಿರಾಳತೆ ಹಲವು ಅಭಿಮಾನಿಗಳಿಗೆ ಇರಿಸುಮುರಿಸು ತಂದಿತು, ಇನ್ನೂ ಹಲವರಿಗೆ ಹೊಸ ದತ್ತಣ್ಣನನ್ನು ಕೊಟ್ಟಿತು. 2019ರಲ್ಲಿ ಜಗನ್ ಶಕ್ತಿ ನಿರ್ದೇಶಿಸಿದ ಹಿಂದಿ ಚಿತ್ರ ‘ಮಿಷನ್ ಮಂಗಲ್’ನಲ್ಲಿ ಅಕ್ಷಯ್ ಕುಮಾರ್, ವಿದ್ಯಾ ಬಾಲನ್ ಅವರ ತಂಡದ ಹಿರಿಯ ಎಂಜಿನಿಯರ್ ಅನಂತ್ ಅಯ್ಯಂಗಾರ್ ಆದರು. ವಿಮಾನಗಳ ನಡುವೆ ಆಯುಷ್ಯ ಕಳೆದ ಎಂಜಿನಿಯರನಿಗೆ ಎಂಜಿನಿಯರನ ಪಾತ್ರ ಸಿಗಲು ಎಪ್ಪತ್ತೇಳು ತುಂಬಬೇಕಾಯಿತು.

ಕಿರುತೆರೆಯ ಲೆಕ್ಕ

ಬೆಂಗಳೂರು ದೂರದರ್ಶನ ಶುರುವಾದದ್ದು 1981ರಲ್ಲಿ. ಆರಂಭದ ಧಾರಾವಾಹಿಗಳು ವಾರಕ್ಕೊಂದು ಕಂತಿನಂತೆ, ಹೆಚ್ಚಾಗಿ ಹದಿಮೂರು ಕಂತಿಗೆ ಮುಗಿಯುತ್ತಿದ್ದವು. ಬ್ಯಾಂಕಿನವರು, ಮೇಷ್ಟ್ರುಗಳು, ಕಾರ್ಖಾನೆಯವರು ರಜೆ ಹಾಕಿ ಅದರಲ್ಲಿ ಪಾತ್ರ ಮಾಡಿ ಬರಬಹುದಿತ್ತು. ಹವ್ಯಾಸಿ ರಂಗಭೂಮಿ ಹಾಗೇ ಎದ್ದು ಕಿರುತೆರೆಗೆ ಬಂದು ಕೂತಿತು ಎಂದರೂ ಸಲ್ಲುತ್ತದೆ. 1994ರಲ್ಲಿ ಉದಯ ಟಿವಿ, 2000ದ ಕೊನೆಗೆ ಈಟಿವಿ ಕನ್ನಡ, ಆಮೇಲೆ ಜೀ ಕನ್ನಡ, ಸುವರ್ಣ ಬಂದವು, ಧಾರಾವಾಹಿ ದಿನನಿತ್ಯದ್ದಾಯಿತು. ತಿಂಗಳ ಬಹುಪಾಲು ದಿನ ಕಾಲ್‌ಶೀಟ್ ಕೇಳುವ ಮೆಗಾ ಧಾರಾವಾಹಿಗೂ ಹಾಜರಿ ಪುಸ್ತಕಕ್ಕೂ ಹೊಂದಿಕೆಯಾಗಲಿಲ್ಲ. ಬ್ಯಾಂಕಿನ ನಟ ಹಿಂದೆ ಸರಿದ, ಅಭಿನಯವನ್ನೇ ಕಸುಬು ಮಾಡಿಕೊಂಡ ಯುವಕ ಯುವತಿಯರು ಬಂದರು. ಇನ್ನೊಂದು ಗುಂಪಿಗೂ ಬಾಗಿಲು ತೆರೆಯಿತು: ಪಿಂಚಣಿ ಬರುತ್ತಿದ್ದ, ಸಮಯವಿದ್ದ, ನಾಟಕದ ಅನುಭವವಿದ್ದ ನಿವೃತ್ತರು. ಅಜ್ಜ, ಮಾವ, ಜಡ್ಜು, ಸ್ವಾಮೀಜಿ, ಊರ ಗೌಡ, ಇಷ್ಟು ಪಾತ್ರಗಳಿಗೆ ಧಾರಾವಾಹಿಗಳಲ್ಲಿ ಎಂದೂ ಕೊರತೆಯಿಲ್ಲ. ದತ್ತಣ್ಣ ಮತ್ತು ಸೋಮಶೇಖರ ರಾವ್ ಕಿರುತೆರೆಯಲ್ಲೂ ಕಾಣಿಸಿಕೊಂಡ ಕಾಲ ಇದು.

ಸೆಟ್ಟಿನ ಕೆಲಸದ ರೀತಿಯೂ ಬೇರೆ. ಸಹಾಯಕ ನಿರ್ದೇಶಕ ಪಕ್ಕದಲ್ಲಿ ನಿಂತು ಪ್ರಾಂಪ್ಟ್ ಮಾಡುತ್ತಾನೆ, ಕಲಾವಿದ ಕೇಳಿಸಿಕೊಂಡು ಹೇಳುತ್ತಾನೆ, ಸಂಜೆಯೊಳಗೆ ಕಂತಿನ ದೃಶ್ಯಗಳು ಮುಗಿಯಬೇಕು. ತಿಂಗಳುಗಟ್ಟಲೆ ತಾಲೀಮಿನಲ್ಲಿ ಮಾತನ್ನು ಮೈಗೂಡಿಸಿಕೊಂಡವರಿಗೆ ಇದು ಒಗ್ಗುವುದು ಕಷ್ಟ. ಒಗ್ಗಿಸಿಕೊಂಡವರಿಗೆ ಮಾತ್ರ ಅಲ್ಲಿ ದಿನಗೂಲಿಯ ಲೆಕ್ಕದಲ್ಲಾದರೂ ಅನ್ನವಿದೆ. ಪರಭಾಷೆಯ ಧಾರಾವಾಹಿಗಳ ಡಬ್ಬಿಂಗ್ ಬೇಡವೆಂದು ಕನ್ನಡದ ಕಲಾವಿದರು ದಶಕಗಳ ಕಾಲ ಹಟ ಹಿಡಿದದ್ದರ ಹಿಂದೆ ಭಾಷೆಯ ಅಭಿಮಾನದಷ್ಟೇ ಈ ಅನ್ನದ ಪ್ರಶ್ನೆಯೂ ಇತ್ತು. 2020ರ ಲಾಕ್‌ಡೌನ್‌ನಲ್ಲಿ ಚಿತ್ರೀಕರಣ ನಿಂತಾಗ ಡಬ್ ಆದ ‘ಮಹಾಭಾರತ’ ಪ್ರಸಾರವಾಗಿ ಆ ಕಟ್ಟು ಒಡೆಯಿತು.

ಇಂಗ್ಲೆಂಡಿನ ಕಿರುತೆರೆಯ ಜೊತೆ ಹೋಲಿಸಿ ನೋಡಿದರೆ ವ್ಯತ್ಯಾಸ ನಿಚ್ಚಳವಾಗುತ್ತದೆ. ಬಿಬಿಸಿಯ ನಿಯಮಿತ ಟೆಲಿವಿಷನ್ ಪ್ರಸಾರ 1936ರಲ್ಲೇ ಶುರುವಾಯಿತು. ಅದಕ್ಕೂ ಮುಂಚೆ, 1930ರಲ್ಲಿ, ಅಲ್ಲಿನ ನಟರು ‘ಈಕ್ವಿಟಿ’ ಎಂಬ ಸಂಘ ಕಟ್ಟಿಕೊಂಡಿದ್ದರು. ಊರೂರಿನ ರೆಪರ್ಟರಿಗಳಲ್ಲಿ ಕೂಲಿಗೆ ನಟಿಸಿದವರು ಟೆಲಿವಿಷನ್ನಿಗೆ ಬಂದರು. ವಿಲಿಯಂ ರೋಚ್ ಎಂಬ ನಟ ದತ್ತಣ್ಣನಂತೆಯೇ ಮಿಲಿಟರಿಯಿಂದ ಬಂದವರು, ರಾಯಲ್ ವೆಲ್ಷ್ ಫ್ಯೂಸಿಲಿಯರ್ಸ್ ಪಡೆಯಲ್ಲಿ ಕ್ಯಾಪ್ಟನ್ ಆಗಿದ್ದವರು. ಇಪ್ಪತ್ತರ ಹರೆಯದಲ್ಲೇ ಸೈನ್ಯ ಬಿಟ್ಟು ನಟನೆಗೆ ಇಳಿದು, 1960ರ ಡಿಸೆಂಬರ್ 9ರಂದು ‘ಕೊರೊನೇಷನ್ ಸ್ಟ್ರೀಟ್’ ಧಾರಾವಾಹಿಯ ಮೊದಲ ಕಂತಿನಲ್ಲಿ ಕೆನ್ ಬಾರ್ಲೊ ಆದರು. ಅರವತ್ತು ವರ್ಷ ಕಳೆದ ಮೇಲೂ ಅದೇ ಪಾತ್ರದಲ್ಲಿದ್ದರು. ಒಂದೇ ಪಾತ್ರ ಒಬ್ಬ ಮನುಷ್ಯನ ಇಡೀ ಬದುಕನ್ನು ಸಾಕುವ ವ್ಯವಸ್ಥೆ ಅಲ್ಲಿತ್ತು. ದುರ್ಗದ ಹುಡುಗ ಅದೇ 1960ರ ಸುಮಾರಿಗೆ ಎಂಜಿನಿಯರಿಂಗ್ ಬಿಟ್ಟು ನಾಟಕಕ್ಕೆ ಹೋಗುತ್ತೇನೆ ಎಂದಿದ್ದರೆ ಮನೆಯವರು ಏನೆನ್ನುತ್ತಿದ್ದರು ಎಂಬುದನ್ನು ಬಿಡಿಸಿ ಹೇಳಬೇಕಿಲ್ಲ.

ಮಾಲ್ಗುಡಿ ಮತ್ತು ಆನಗೋಡು

ಕರ್ನಾಟಕದ ನೆಲದಲ್ಲಿ ಇಂಗ್ಲಿಷ್ ಟೆಲಿವಿಷನ್ ಅಭಿನಯ ಎಂದಾಗ ಮೊದಲು ನೆನಪಾಗುವುದು ‘ಮಾಲ್ಗುಡಿ ಡೇಸ್’. ಆರ್.ಕೆ. ನಾರಾಯಣ್ ಕತೆಗಳನ್ನು 1980ರ ದಶಕದಲ್ಲಿ ದೂರದರ್ಶನಕ್ಕಾಗಿ ನಿರ್ದೇಶಿಸಿದವರು ಶಂಕರ್‌ನಾಗ್, ನಿರ್ಮಿಸಿದವರು ಟಿ.ಎಸ್. ನರಸಿಂಹನ್. ಆಗುಂಬೆಯನ್ನೇ ಮಾಲ್ಗುಡಿ ಮಾಡಿದರು. ಹಿಂದಿಯಲ್ಲಿ ಎಲ್ಲ ಕಂತುಗಳೂ ಬಂದವು, ಮೊದಲ ಕಂತುಗಳು ಇಂಗ್ಲಿಷಿನಲ್ಲೂ ತಯಾರಾದವು. ಮಾಸ್ಟರ್ ಮಂಜುನಾಥ್ ಸ್ವಾಮಿ, ಗಿರೀಶ ಕಾರ್ನಾಡ ಅವನ ಅಪ್ಪ, ವೈಶಾಲಿ ಕಾಸರವಳ್ಳಿ ಅಮ್ಮ. ಕನ್ನಡ ಹವ್ಯಾಸಿ ರಂಗಭೂಮಿಯ ಮುಖಗಳನ್ನು ಇಡೀ ದೇಶ ಭಾನುವಾರದ ನೆಂಟರಂತೆ ಮನೆಯೊಳಗೆ ಬಿಟ್ಟುಕೊಂಡಿತು.

ಆ ಶಂಕರ್‌ನಾಗ್ ಚರಿತ್ರೆಗೂ ಈ ಜಿಲ್ಲೆಗೂ ಸಂಬಂಧ ಒಂದು ಸಾವಿನದು. ಬೆಂಗಳೂರಿನಿಂದ ಉತ್ತರ ಕರ್ನಾಟಕಕ್ಕೆ ಚಿತ್ರೀಕರಣಕ್ಕೆ ಹೋಗುವವರೆಲ್ಲ ಹಿರಿಯೂರು, ಚಿತ್ರದುರ್ಗ ದಾಟಿ ದಾವಣಗೆರೆ ಕಡೆ ಹೆದ್ದಾರಿ ಹಿಡಿಯಬೇಕು. 1990ರ ಸೆಪ್ಟೆಂಬರ್ 30ರಂದು ‘ಜೋಕುಮಾರಸ್ವಾಮಿ’ ಚಿತ್ರದ ಕೆಲಸಕ್ಕೆ ಹೊರಟಿದ್ದ ಅವರ ಕಾರು ಆನಗೋಡಿನ ಬಳಿ ಅಪಘಾತಕ್ಕೀಡಾಯಿತು. ಆನಗೋಡು ಆಗ ಚಿತ್ರದುರ್ಗ ಜಿಲ್ಲೆಯಲ್ಲಿತ್ತು. ಶಂಕರ್‌ನಾಗ್‌ಗೆ ಮೂವತ್ತಾರು ತುಂಬಿರಲಿಲ್ಲ.

ಕತೆ ದುರ್ಗದ್ದು, ಮುಖ ಹೊರಗಿನದು

ಈ ಜಿಲ್ಲೆ ಕನ್ನಡ ಚಿತ್ರರಂಗಕ್ಕೆ ನಟರಿಗಿಂತ ಹೆಚ್ಚಾಗಿ ಕೊಟ್ಟದ್ದು ಕತೆ ಮತ್ತು ಕಲ್ಲು. ತಳುಕಿನ ಮನೆತನದ ತ.ರಾ. ಸುಬ್ಬರಾಯರು (1920-1984) ಇದರ ಮೂಲಪುರುಷ. ‘ಚಂದವಳ್ಳಿಯ ತೋಟ’ 1964ರಲ್ಲಿ ಚಿತ್ರವಾಯಿತು, ರಾಜ್‌ಕುಮಾರ್ ನಾಯಕ. 1972ರ ಕೊನೆಗೆ ಪುಟ್ಟಣ್ಣ ಕಣಗಾಲರು ಅವರ ಮೂರು ಕಾದಂಬರಿಗಳನ್ನು ಹೆಣೆದು ‘ನಾಗರಹಾವು’ ಮಾಡಿದರು. ರಾಮಾಚಾರಿಯಾದ ವಿಷ್ಣುವರ್ಧನ್ ಮೈಸೂರಿನವರು, ಜಲೀಲನಾದ ಅಂಬರೀಶ್ ಮಂಡ್ಯ ಸೀಮೆಯವರು, ಚಾಮಯ್ಯ ಮೇಷ್ಟ್ರಾದ ಕೆ.ಎಸ್. ಅಶ್ವತ್ಥ್ ಕೂಡ ಮೈಸೂರು ಕಡೆಯವರು, ಒನಕೆ ಹಿಡಿದು ಓಬವ್ವಳಾದ ಜಯಂತಿ ಬಳ್ಳಾರಿಯಲ್ಲಿ ಹುಟ್ಟಿದವರು. 1975ರ ‘ಹಂಸಗೀತೆ’ಯಲ್ಲಿ ದುರ್ಗದ ಸಂಗೀತಗಾರ ಭೈರವಿ ವೆಂಕಟಸುಬ್ಬಯ್ಯನಾದ ಅನಂತನಾಗ್ ಉತ್ತರ ಕನ್ನಡದ ಕಡೆಯವರು. ಕೋಟೆಯ ಬಂಡೆಗಳು ಮಾತ್ರ ಅಪ್ಪಟ ಸ್ಥಳೀಯರು. ಇಂದಿಗೂ ಕೋಟೆಗೆ ಬರುವ ಪ್ರವಾಸಿಗರಲ್ಲಿ ಮದಕರಿ ನಾಯಕನ ಚರಿತ್ರೆ ಕೇಳುವವರಷ್ಟೇ ರಾಮಾಚಾರಿ ನಿಂತ ಬಂಡೆ ಯಾವುದು ಎಂದು ಕೇಳುವವರೂ ಇದ್ದಾರೆ.

ತ.ರಾ.ಸು. ಜಾಡಿನಲ್ಲೇ ನಡೆದ ಬಿ.ಎಲ್. ವೇಣು ಚಿತ್ರದುರ್ಗದಲ್ಲೇ ಉಳಿದ ಬರಹಗಾರ. ಅವರೂ ನೌಕರಿಯ ನೆರಳಿನಲ್ಲೇ ಬರೆದವರು, ಆರೋಗ್ಯ ಇಲಾಖೆಯಲ್ಲಿದ್ದವರು. ‘ಪರಾಜಿತ’ದಿಂದ ಹಿಡಿದು ನಾಗಾಭರಣರ ‘ಕಲ್ಲರಳಿ ಹೂವಾಗಿ’ (2006) ತನಕ ಅವರ ಕತೆಗಳು ತೆರೆಗೆ ಬಂದವು; ಸಂಭಾಷಣೆಕಾರರಾಗಿಯೂ ಬೇಡಿಕೆಯಲ್ಲಿದ್ದರು. ಚಿತ್ರನಟರೊಬ್ಬರನ್ನು ದುರ್ಗ ಲೋಕಸಭೆಗೂ ಕಳಿಸಿದೆ: 1999ರಲ್ಲಿ ಸಂಯುಕ್ತ ಜನತಾದಳದಿಂದ ಗೆದ್ದ ಶಶಿಕುಮಾರ್. ಅವರೂ ಈ ಜಿಲ್ಲೆಯ ಮಗನಲ್ಲ. ಹೊರಗಿನ ಮುಖವನ್ನು ಒಪ್ಪಿಕೊಳ್ಳುವ ದುರ್ಗದ ಅಭ್ಯಾಸ ಚಿತ್ರಮಂದಿರದಿಂದ ಮತಪೆಟ್ಟಿಗೆಗೂ ದಾಟಿತು ಎನ್ನಬೇಕು.

ಸಾಣೇಹಳ್ಳಿ

ನಟನೆಗೇ ಸಂಬಳ ಕೊಡುವ ಪ್ರಯತ್ನ ಜಿಲ್ಲೆಯಲ್ಲಿ ಆದದ್ದು ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯಲ್ಲಿ. ಸಿರಿಗೆರೆಯ ಶಾಖಾ ಮಠದ ಪಂಡಿತಾರಾಧ್ಯ ಶಿವಾಚಾರ್ಯ ಸ್ವಾಮಿಗಳು ತಮ್ಮ ಗುರುವಿನ ನಾಟಕದ ಹಂಬಲವನ್ನು ಮುಂದುವರಿಸಿ 1987ರಲ್ಲಿ ಶಿವಕುಮಾರ ಕಲಾಸಂಘ ಕಟ್ಟಿದರು. ಹತ್ತು ವರ್ಷದ ಮೇಲೆ, 1997ರಲ್ಲಿ, ‘ಶಿವಸಂಚಾರ’ ಎಂಬ ತಿರುಗಾಟದ ರೆಪರ್ಟರಿ ಶುರುವಾಯಿತು. ಬೆಂಗಳೂರಿನಲ್ಲಿ ಅರ್ಥಶಾಸ್ತ್ರದ ಅಧ್ಯಾಪಕರಾಗಿದ್ದುಕೊಂಡೇ ರಂಗ ಸಂಘಟಕರಾಗಿ ಹೆಸರಾದ ಸಿ.ಜಿ. ಕೃಷ್ಣಸ್ವಾಮಿ (ಸಿಜಿಕೆ) ಇದರ ಬೆನ್ನಿಗೆ ನಿಂತವರಲ್ಲಿ ಮುಖ್ಯರು.

ಕ್ರಮ ಹೀಗೆ. ವರ್ಷಕ್ಕೊಂದು ತಂಡದ ಆಯ್ಕೆ. ಮಳೆಗಾಲದಲ್ಲಿ ಸಾಣೇಹಳ್ಳಿಯಲ್ಲೇ ಇದ್ದು ಬೇರೆಬೇರೆ ನಿರ್ದೇಶಕರಿಂದ ಮೂರು ನಾಟಕ ಕಲಿಯಬೇಕು. ನವೆಂಬರಿನ ಮೊದಲ ವಾರದ ನಾಟಕೋತ್ಸವದಲ್ಲಿ ಅವು ಮೊದಲು ರಂಗಕ್ಕೆ ಬರುತ್ತವೆ. ಆಮೇಲೆ ಲಾರಿ, ಬಸ್ಸು, ಸೆಟ್ಟು, ಲೈಟು ಸಮೇತ ರಾಜ್ಯದ ಊರೂರು. ನಟನಿಗೆ ವಸತಿ, ಊಟ, ತಿಂಗಳ ಸಂಭಾವನೆ. ಮೂರರಲ್ಲಿ ಒಂದು ನಾಟಕ ಶರಣರ ವಿಷಯದ್ದಾಗಿರುವುದು ರೂಢಿ. ಉಳಿದವು ಷೇಕ್ಸ್‌ಪಿಯರ್ ಆಗಬಹುದು, ಹೊಸಗನ್ನಡದ್ದಾಗಬಹುದು. ಮಠದ ರೆಪರ್ಟರಿ ಎಂದಾಕ್ಷಣ ಹರಿಕಥೆಯ ಬಡ್ತಿ ಎಂದುಕೊಂಡು ಹೋದವರು ಬೆಳಕಿನ ವಿನ್ಯಾಸ ನೋಡಿ ಸುಮ್ಮನಾಗುತ್ತಾರೆ. ಸಿಜಿಕೆಯ ಕಾಲದಿಂದಲೂ ಅಲ್ಲಿಗೆ ಬಂದ ನಿರ್ದೇಶಕರಲ್ಲಿ ಮಠ, ಪೀಠಗಳ ಬಗ್ಗೆ ತಕರಾರು ಇದ್ದವರೂ ಇದ್ದರು. ತಕರಾರು ಇಟ್ಟುಕೊಂಡೇ ನಾಟಕ ಮಾಡಿದರು.

ಗುಡ್ಡದ ಇಳಿಜಾರನ್ನು ಮೆಟ್ಟಿಲಾಗಿಸಿ ಕಟ್ಟಿದ ಶಿವಕುಮಾರ ಬಯಲು ರಂಗಮಂದಿರ ಸಾಣೇಹಳ್ಳಿಯ ದೊಡ್ಡ ಆಸ್ತಿ. ಪ್ರಾಚೀನ ಗ್ರೀಕರ ಬಯಲು ರಂಗಮಂದಿರಗಳ ವಿನ್ಯಾಸದ ಈ ಜಾಗದಲ್ಲಿ ಉತ್ಸವದ ರಾತ್ರಿ ಸಾವಿರಾರು ಜನ ಕೂರುತ್ತಾರೆ. ಮುಂದಿನ ಸಾಲಿನಲ್ಲಿ ಬೆಂಗಳೂರಿನ ವಿಮರ್ಶಕರಿದ್ದರೆ ಅವರ ಹಿಂದೆ ತೆಂಗಿನ ತೋಟಕ್ಕೆ ನೀರು ಬಿಟ್ಟು ಬಂದವರು, ಮಕ್ಕಳನ್ನು ಮಡಿಲಲ್ಲಿ ಮಲಗಿಸಿಕೊಂಡ ಹೆಂಗಸರು. ಬಯಲಾಟ ನೋಡಿ ಬೆಳೆದ ಈ ಪ್ರೇಕ್ಷಕರಿಗೆ ನಾಟಕ ಎರಡು ಗಂಟೆಗೇ ಮುಗಿಯುವುದು ಒಂದು ಸಣ್ಣ ದೂರು.

2008ರಲ್ಲಿ ಶಿವಕುಮಾರ ರಂಗಪ್ರಯೋಗ ಶಾಲೆ ಆರಂಭವಾಗಿ, ತಿರುಗಾಟಕ್ಕೆ ಮುಂಚಿನ ಕಲಿಕೆಗೂ ಒಂದು ಮನೆ ಸಿಕ್ಕಿತು. ಹೆಗ್ಗೋಡಿನ ನೀನಾಸಂ ಹಾಕಿಕೊಟ್ಟ ಶಾಲೆ ಮತ್ತು ತಿರುಗಾಟದ ಜೋಡಿ ಮಾದರಿ ಇದು. ಬೆನ್ನಿಗಿರುವ ಬಲ ಮಾತ್ರ ಭಕ್ತರದು. ಸಾಣೇಹಳ್ಳಿಯಲ್ಲಿ ಒಂದೆರಡು ವರ್ಷ ತಿರುಗಿದ ಹುಡುಗ ಹುಡುಗಿಯರು ಆಮೇಲೆ ಎಲ್ಲಿಗೆ ಹೋಗುತ್ತಾರೆ? ಕೆಲವರು ಶಾಲೆಗಳಲ್ಲಿ ರಂಗಶಿಕ್ಷಕರಾಗುತ್ತಾರೆ, ಕೆಲವರು ಸ್ವಂತ ತಂಡ ಕಟ್ಟಿ ಸಾಲ ಮಾಡಿಕೊಳ್ಳುತ್ತಾರೆ, ಹಲವರು ಬೆಂಗಳೂರಿನ ಧಾರಾವಾಹಿ ಸೆಟ್ಟುಗಳಿಗೆ ಹೋಗುತ್ತಾರೆ. ಅಲ್ಲಿ ಮೊದಲು ಸಿಗುವುದು ಪೊಲೀಸ್ ಪೇದೆ, ಡ್ರೈವರ್, ನಾಯಕಿಯ ಗೆಳತಿಯಂಥ ಎರಡು ಮಾತಿನ ಪಾತ್ರಗಳು. ದತ್ತಣ್ಣನ ತಲೆಮಾರಿಗೆ ಮನೆಗೆ ಸಂಬಳ ತಂದುಕೊಡುತ್ತಿದ್ದ ಕಾರ್ಖಾನೆ ಮತ್ತು ಬ್ಯಾಂಕುಗಳ ನೌಕರಿ ಈ ತಲೆಮಾರಿಗೆ ಸುಲಭಕ್ಕೆ ಸಿಗುವಂಥದ್ದಲ್ಲ. ನವೆಂಬರಿನ ಉತ್ಸವ ಮುಗಿಸಿ ಲಾರಿ ಹತ್ತುವ ತಂಡದಲ್ಲಿ ಹೊಸದುರ್ಗ, ಹೊಳಲ್ಕೆರೆ ಕಡೆಯ ಮಕ್ಕಳ ಜೊತೆ ರಾಯಚೂರಿನವರೂ ಚಾಮರಾಜನಗರದವರೂ ಇರುತ್ತಾರೆ; ಬೇಸಿಗೆಗೆ ತಿರುಗಾಟ ಮುಗಿದಾಗ ಅವರ ಸಂಭಾವನೆಯೂ ನಿಲ್ಲುತ್ತದೆ.